ತಂತಿ ಮಾರ್ಗದ ಚರಿತ್ರೆಯನ್ನು ನೀರಿನ ಜಾಡು ಹಿಡಿದು ಓದುವ ಬಗೆ

‘ತಂತಿ ಬಂದಿದೆ’ ಎಂಬ ಮಾತು ಕಿವಿಗೆ ಬಿದ್ದರೆ ಮನೆಮಂದಿಯ ಎದೆ ಧಸಕ್ಕೆನ್ನುತ್ತಿದ್ದ ಕಾಲವನ್ನು ನಮ್ಮ ಹಿರಿಯರು ಕಂಡಿದ್ದಾರೆ. 2013ರ ಜುಲೈ ತಿಂಗಳಲ್ಲಿ ಭಾರತದ ತಂತಿ ಸೇವೆ ಮುಗಿದ ಮೇಲೆ ಆ ಮಾತಿನ ಹಿಂದಿದ್ದ ಭಯವೂ, ಕಂಬದಿಂದ ಕಂಬಕ್ಕೆ ಹಾಯುತ್ತಿದ್ದ ಆ ಕಬ್ಬಿಣದ ಎಳೆಯ ಬಗೆಗಿನ ಬೆರಗೂ ನಿಧಾನವಾಗಿ ಮರೆಯಾಗುತ್ತಿವೆ. ಅಂಥ ಎಳೆಯೊಂದನ್ನು ಸಾವಿರಾರು ಕಿಲೋಮೀಟರ್ ದೂರ ಎಳೆದ ಕಥೆಯನ್ನು ಸಾಮಾನ್ಯ ಓದುಗರಿಗಾಗಿ ಹೇಳುವ ಚರಿತ್ರೆಯ ಪುಸ್ತಕಗಳಲ್ಲಿ ಆಸ್ಟ್ರೇಲಿಯಾದ ಓವರ್‌ಲ್ಯಾಂಡ್ ಟೆಲಿಗ್ರಾಫ್ ಮಾರ್ಗವನ್ನು ಕುರಿತವು ನನಗೆ ಬಹಳ ಇಷ್ಟ. ದಕ್ಷಿಣದ ಪೋರ್ಟ್ ಆಗಸ್ಟಾದಿಂದ ಉತ್ತರದ ಡಾರ್ವಿನ್‌ವರೆಗೆ ಖಂಡವನ್ನು ನಡುವೆ ಸೀಳಿಕೊಂಡು ಹೋದ ಈ ಮಾರ್ಗದ ಉದ್ದ ಸುಮಾರು 3,200 ಕಿಲೋಮೀಟರ್. ಅದಕ್ಕೆ ನೆಟ್ಟ ಕಂಬಗಳು ಸುಮಾರು 36,000. ಅಷ್ಟೂ ಕಂಬಗಳ ಮೇಲೆ ಹಾಯ್ದದ್ದು ಒಂದೇ ಒಂದು ತಂತಿ. ಹಿಡಿದ ಕಾಲ 1870ರ ಸೆಪ್ಟೆಂಬರಿನಿಂದ 1872ರ ಆಗಸ್ಟ್‌ವರೆಗೆ, ಎಂದರೆ ಎರಡು ವರ್ಷಕ್ಕೂ ಕಡಿಮೆ.

ಇಂಥ ಪುಸ್ತಕವನ್ನು ಸಾಹಸದ ಕಾದಂಬರಿಯಂತೆ ಒಂದೇ ಉಸಿರಿಗೆ ಓದಿ ಮುಗಿಸಬಹುದು, ಮತ್ತು ಹೆಚ್ಚಿನವು ಹಾಗೆ ಓದಿಸಿಕೊಳ್ಳುವಂತೆಯೇ ಬರೆಯಲ್ಪಟ್ಟಿವೆ. ಆದರೆ ಹಾಗೆ ಓದಿದಾಗ ಮನಸ್ಸಿನಲ್ಲಿ ಉಳಿಯುವುದು ಒಬ್ಬ ನಾಯಕ, ಒಂದು ಗಡುವು, ಕೊನೆಗೊಂದು ಗೆಲುವು, ಇಷ್ಟೇ. ಮತ್ತೆ ಮತ್ತೆ ಓದಿದ ಮೇಲೆ ನನಗೆ ಮನವರಿಕೆಯಾದದ್ದೇನೆಂದರೆ, ಈ ಮಾರ್ಗ ಎಲ್ಲಿ ಹಾಯಬೇಕು, ಯಾವಾಗ ನಿಲ್ಲಬೇಕು, ಯಾರೊಡನೆ ಘರ್ಷಣೆಗೆ ಇಳಿಯಬೇಕು ಎಂಬುದನ್ನೆಲ್ಲ ತೀರ್ಮಾನಿಸಿದ್ದು ನೀರು. ಆದ್ದರಿಂದ ಪುಸ್ತಕವನ್ನು ನೀರಿನ ಜಾಡು ಹಿಡಿದು ಓದುವ ಒಂದು ಕ್ರಮವನ್ನು ಇಲ್ಲಿ ವಿವರಿಸುತ್ತೇನೆ.

ಮೊದಲು ನಕ್ಷೆ

ಪುಸ್ತಕ ತೆರೆಯುವ ಮೊದಲು ಆಸ್ಟ್ರೇಲಿಯಾದ ದೊಡ್ಡದೊಂದು ನಕ್ಷೆಯನ್ನು ಮೇಜಿನ ಮೇಲೆ ಹರಡಿಕೊಳ್ಳಿ. ಪುಸ್ತಕದೊಳಗಿನ ಅಂಗೈಯಗಲದ ನಕ್ಷೆ ಸಾಲದು. ಪೋರ್ಟ್ ಆಗಸ್ಟಾದಿಂದ ಉತ್ತರಕ್ಕೆ ಸೀಸದಕಡ್ಡಿಯಿಂದ ಗೆರೆ ಎಳೆಯುತ್ತ ಬೆಲ್ಟಾನಾ, ಸ್ಟ್ರಾಂಗ್‌ವೇಸ್ ಸ್ಪ್ರಿಂಗ್ಸ್, ಪೀಕ್, ಶಾರ್ಲಟ್ ವಾಟರ್ಸ್, ಆಲಿಸ್ ಸ್ಪ್ರಿಂಗ್ಸ್, ಬ್ಯಾರೋ ಕ್ರೀಕ್, ಟೆನಂಟ್ ಕ್ರೀಕ್, ಪೊವೆಲ್ ಕ್ರೀಕ್, ಡೇಲಿ ವಾಟರ್ಸ್, ಕ್ಯಾಥರಿನ್ ಎಂಬ ಠಾಣೆಗಳನ್ನು ಒಂದೊಂದಾಗಿ ಗುರುತಿಸಿ. ಈ ಹೆಸರುಗಳನ್ನು ಒಮ್ಮೆ ಗಟ್ಟಿಯಾಗಿ ಓದಿಕೊಂಡರೆ ಸಾಕು, ನಾನು ಹೇಳುತ್ತಿರುವುದು ಅರ್ಥವಾಗುತ್ತದೆ: ಸ್ಪ್ರಿಂಗ್ ಎಂದರೆ ಬುಗ್ಗೆ, ಕ್ರೀಕ್ ಎಂದರೆ ಹಳ್ಳ, ವಾಟರ್ಸ್ ಎಂದರೆ ನೀರು. ನಮ್ಮಲ್ಲಿ ಕೆರೆ, ಹಳ್ಳ, ಹೊಳೆಗಳ ಹೆಸರು ಹೊತ್ತ ಊರುಗಳು ಹೇಗೋ ಹಾಗೆಯೇ ಈ ಠಾಣೆಗಳ ಹೆಸರುಗಳೂ ಅಲ್ಲಿ ನೀರು ಸಿಕ್ಕಿತೆಂಬುದಕ್ಕೆ ಸಾಕ್ಷಿಯಾಗಿವೆ.

ಈ ಗೆರೆ ಯಾರ ಹೆಜ್ಜೆಯ ಮೇಲೆ ಹೋಯಿತೆಂಬುದನ್ನು ಗಮನಿಸಿ. ಜಾನ್ ಮೆಕ್‌ಡೂಲ್ ಸ್ಟುವರ್ಟ್ ಎಂಬ ಅನ್ವೇಷಕ ಹಲವು ಬಾರಿ ಸೋತು ಹಿಂದಿರುಗಿ, ಕೊನೆಗೆ 1862ರ ಜುಲೈನಲ್ಲಿ ಉತ್ತರದ ಕಡಲನ್ನು ಮುಟ್ಟಿದ. ಅವನು ಒಂದು ನೀರಿನ ಗುಂಡಿಯಿಂದ ಇನ್ನೊಂದಕ್ಕೆ ಕುದುರೆಗಳನ್ನು ನಡೆಸಿಕೊಂಡು ಹೋದವನು, ಮುಂದೆ ನೀರು ಸಿಗದಿದ್ದಾಗಲೆಲ್ಲ ಹಿಂದಕ್ಕೆ ಬಂದವನು. ಎಂಟು ವರ್ಷಗಳ ಅನಂತರ ತಂತಿಯ ಕೆಲಸ ಆರಂಭವಾದಾಗ ಸ್ಥೂಲವಾಗಿ ಅದೇ ದಾರಿಯನ್ನು ಅನುಸರಿಸಲಾಯಿತು. ಹಾಗಾಗಿ ಪುಸ್ತಕದಲ್ಲಿ ಸ್ಟುವರ್ಟನ ಯಾತ್ರೆಗಳ ಅಧ್ಯಾಯವನ್ನು ಪೀಠಿಕೆಯೆಂದು ಹಾರಿಸಿಬಿಡಬೇಡಿ. ಮುಂದಿನ ಎಲ್ಲ ಅಧ್ಯಾಯಗಳ ಬುನಾದಿ ಅಲ್ಲಿಯೇ ಇದೆ.

ಹೆಸರುಗಳ ವಿಷಯದಲ್ಲಿ ಎಚ್ಚರವಿರಲಿ. ಪುಸ್ತಕದಲ್ಲಿ ಬರುವ ಪಾಮರ್‌ಸ್ಟನ್ ಎಂಬ ಊರು ಇಂದಿನ ಡಾರ್ವಿನ್ ನಗರವೇ. ಆಗ ಬಂದರಿಗೆ ಮಾತ್ರ ಪೋರ್ಟ್ ಡಾರ್ವಿನ್ ಎಂಬ ಹೆಸರಿತ್ತು, ಊರಿಗೆ ಆ ಹೆಸರು ಬಂದದ್ದು 1911ರಲ್ಲಿ. ಆಲಿಸ್ ಸ್ಪ್ರಿಂಗ್ಸ್ ಎಂಬುದು ಬಹುಕಾಲ ತಂತಿ ಠಾಣೆಯ ಹೆಸರಾಗಿಯೇ ಇತ್ತು. ಪಕ್ಕದಲ್ಲಿ ಬೆಳೆದ ಪಟ್ಟಣವನ್ನು ಸ್ಟುವರ್ಟ್ ಎಂದು ಕರೆಯುತ್ತಿದ್ದರು, 1933ರಲ್ಲಷ್ಟೇ ಹೆಸರು ಬದಲಾಯಿತು. ಇದನ್ನು ತಿಳಿಯದೆ ಓದಿದರೆ ಒಂದೇ ಜಾಗವನ್ನು ಎರಡೆಂದು ಭಾವಿಸಿ ಗೊಂದಲಕ್ಕೆ ಬೀಳುತ್ತೇವೆ.

ಇನ್ನೊಂದು ನಕ್ಷೆಯನ್ನೂ ಪಕ್ಕದಲ್ಲಿಟ್ಟುಕೊಳ್ಳಿ, ಅದು ಏಷ್ಯಾದ ನಕ್ಷೆ. ಡಾರ್ವಿನ್‌ನಿಂದ ಹೊರಟ ಸುದ್ದಿ ಕಡಲಿನಡಿಯ ಕೇಬಲ್ ಹಿಡಿದು ಜಾವಾದ ಬನ್ಯುವಾಂಗಿಗೆ, ಅಲ್ಲಿಂದ ಬಟಾವಿಯಾ, ಸಿಂಗಪುರ, ಪೆನಾಂಗ್‌ಗಳ ಮೂಲಕ ಮದರಾಸಿಗೆ ಬಂದು, ಭಾರತದ ನೆಲದ ತಂತಿಯಲ್ಲಿ ಮುಂಬಯಿ ಸೇರಿ, ಮತ್ತೆ ಕಡಲಿಗಿಳಿದು ಏಡನ್, ಸೂಯೆಜ್ ದಾಟಿ ಲಂಡನ್ ತಲುಪುತ್ತಿತ್ತು. ಆಸ್ಟ್ರೇಲಿಯಾದ ಉಣ್ಣೆಯ ಬೆಲೆ ನಮ್ಮ ದಖ್ಖನಿನ ನೆಲವನ್ನು ಹಾದು ಹೋಗುತ್ತಿತ್ತೆಂಬ ಈ ವಿವರ ಹಲವು ಪುಸ್ತಕಗಳಲ್ಲಿ ಒಂದು ಸಾಲಿನಲ್ಲಿ ಮುಗಿದುಹೋಗುತ್ತದೆ. ಕನ್ನಡದ ಓದುಗರು ಅಲ್ಲಿ ತುಸು ನಿಲ್ಲಬೇಕು.

ಎರಡನೆಯದು ಪಂಚಾಂಗ

ನಕ್ಷೆಯಷ್ಟೇ ಮುಖ್ಯವಾದದ್ದು ಒಂದು ಹಾಳೆಯ ಮೇಲೆ ಬರೆದುಕೊಂಡ ತಿಂಗಳುಗಳ ಪಟ್ಟಿ. 1870ರ ಸೆಪ್ಟೆಂಬರಿನಿಂದ 1872ರ ಅಕ್ಟೋಬರ್‌ವರೆಗಿನ ತಿಂಗಳುಗಳನ್ನು ಒಂದರ ಕೆಳಗೊಂದು ಬರೆಯಿರಿ. ಡಾರ್ವಿನ್ ಸುತ್ತಲಿನ ಉತ್ತರ ಭಾಗದಲ್ಲಿ ಮಳೆಗಾಲ ನವೆಂಬರ್ ಸುಮಾರಿಗೆ ಹಿಡಿದು ಏಪ್ರಿಲ್‌ವರೆಗೆ ಇರುತ್ತದೆ. ಆ ತಿಂಗಳುಗಳಿಗೆ ನೀಲಿ ಬಣ್ಣ ಹಚ್ಚಿ. ನಮ್ಮ ಮುಂಗಾರಿಗೆ ತದ್ವಿರುದ್ಧವಾದ ಈ ಲೆಕ್ಕ ತಲೆಯಲ್ಲಿ ಕೂರುವವರೆಗೆ ಮುಂದಕ್ಕೆ ಓದದಿರುವುದು ಒಳ್ಳೆಯದು.

ಈಗ ಪುಸ್ತಕದಲ್ಲಿ ಬರುವ ಘಟನೆಗಳನ್ನು ಆ ಪಟ್ಟಿಯಲ್ಲಿ ತುಂಬುತ್ತ ಹೋಗಿ. ದಕ್ಷಿಣ ಆಸ್ಟ್ರೇಲಿಯಾದ ಸರ್ಕಾರ ಕೇಬಲ್ ಕಂಪನಿಗೆ ಕೊಟ್ಟ ಮಾತಿನ ಪ್ರಕಾರ 1872ರ ಜನವರಿ 1ರ ಹೊತ್ತಿಗೆ ಮಾರ್ಗ ಸಿದ್ಧವಾಗಬೇಕಿತ್ತು. ಕೆಲಸವನ್ನು ಮೂರು ಭಾಗ ಮಾಡಲಾಯಿತು. ದಕ್ಷಿಣದ ಭಾಗವನ್ನು ಎಡ್ವರ್ಡ್ ಬ್ಯಾಗಟ್ ಎಂಬ ಗುತ್ತಿಗೆದಾರನಿಗೆ, ಉತ್ತರದ ಭಾಗವನ್ನು ಡಾರ್ವೆಂಟ್ ಮತ್ತು ಡಾಲ್‌ವುಡ್ ಎಂಬ ಜೋಡಿ ಗುತ್ತಿಗೆದಾರರಿಗೆ ಒಪ್ಪಿಸಿ, ಯಾರಿಗೂ ಸರಿಯಾಗಿ ಗೊತ್ತಿಲ್ಲದ ನಡುಭಾಗವನ್ನು ಸರ್ಕಾರದ ತಂಡಗಳೇ ಕೈಗೆತ್ತಿಕೊಂಡವು. ದಕ್ಷಿಣ ಮತ್ತು ನಡುಭಾಗಗಳು ಹೆಚ್ಚುಕಡಿಮೆ ಗಡುವಿನ ಹೊತ್ತಿಗೆ ಮುಗಿದವು; ಆ ಅಧ್ಯಾಯಗಳನ್ನು ವೇಗವಾಗಿ ಓದಿದರೆ ನಷ್ಟವಿಲ್ಲ. ಪಟ್ಟಿಯ ನಿಜವಾದ ಉಪಯೋಗವಾಗುವುದು ಉತ್ತರ ಭಾಗದ ಕಥೆಯಲ್ಲಿ.

ಅಲ್ಲಿ ಮೊದಲ ಕಂಬವನ್ನು 1870ರ ಸೆಪ್ಟೆಂಬರ್ 15ರಂದು ನೆಡಲಾಯಿತು. ಆರಂಭದ ವಾರಗಳಲ್ಲಿ ಕೆಲಸ ಚುರುಕಾಗಿ ಸಾಗಿತು. ನವೆಂಬರಿನಲ್ಲಿ ಮಳೆ ಹಿಡಿದ ಮೇಲೆ ಗಾಡಿಗಳ ಚಕ್ರ ಕೆಸರಿನಲ್ಲಿ ಹೂತವು, ದಾಸ್ತಾನು ಕೆಟ್ಟಿತು, ಎತ್ತುಗಳು ಸೋತವು. 1871ರ ಮಾರ್ಚ್‌ನಲ್ಲಿ ಕೂಲಿಯವರು ಮುಷ್ಕರ ಹೂಡಿದರು. ಮೇ ತಿಂಗಳಲ್ಲಿ ಸರ್ಕಾರದ ಮೇಲ್ವಿಚಾರಕನಾಗಿದ್ದ ಮೆಕ್‌ಮಿನ್ ಗುತ್ತಿಗೆಯನ್ನೇ ರದ್ದುಪಡಿಸಿದ. ಗುತ್ತಿಗೆದಾರರ ಬದಲಿಗೆ ರಾಬರ್ಟ್ ಪ್ಯಾಟರ್ಸನ್ ನೇತೃತ್ವದ ಹೊಸ ತಂಡ ಅಡಿಲೇಡ್‌ನಿಂದ ಹಡಗಿನಲ್ಲಿ ಹೊರಟು ಉತ್ತರವನ್ನು ತಲುಪುವ ಹೊತ್ತಿಗೆ ಆಗಸ್ಟ್ ತಿಂಗಳು ಬಂದಿತ್ತು.

ಈಗ ನಿಮ್ಮ ಹಾಳೆಯ ನೀಲಿ ಬಣ್ಣವನ್ನು ನೋಡಿ. ಗುತ್ತಿಗೆ ರದ್ದಾದ ಮೇ ತಿಂಗಳು ಮಳೆ ಮುಗಿದು ನೆಲ ಗಟ್ಟಿಯಾಗುವ ಕಾಲ. ವರ್ಷದಲ್ಲಿ ಕೆಲಸಕ್ಕೆ ಒದಗುವ ಒಣ ತಿಂಗಳುಗಳ ಅರ್ಧಕ್ಕಿಂತ ಹೆಚ್ಚು ಭಾಗ ಆಳುಗಳಿಲ್ಲದೆ ವ್ಯರ್ಥವಾಗಿ ಕಳೆದುಹೋಯಿತು, ಹೊಸ ತಂಡ ಕಾಲೂರುವಷ್ಟರಲ್ಲಿ ಮುಂದಿನ ಮಳೆ ಬಾಗಿಲಲ್ಲಿತ್ತು. ಗುತ್ತಿಗೆದಾರರ ಅಸಮರ್ಥತೆ, ಕೂಲಿಯವರ ಹಟ, ಮೇಲ್ವಿಚಾರಕನ ದುಡುಕು ಎಂದು ಪುಸ್ತಕಗಳು ಹಂಚುವ ದೋಷಗಳೆಲ್ಲ ತಮ್ಮ ಮಟ್ಟಿಗೆ ನಿಜವಿರಬಹುದು. ಆದರೆ ಮಳೆಯ ಲೆಕ್ಕವನ್ನು ದಕ್ಷಿಣದ ಒಣ ಊರಿನಲ್ಲಿ ಕುಳಿತವರು ಮೊದಲೇ ಹಾಕಲಿಲ್ಲ ಎಂಬುದೇ ಮೂಲದ ತಪ್ಪೆಂದು ನನ್ನ ದೃಢವಾದ ಅಭಿಪ್ರಾಯ. ಕೊನೆಗೆ ಯೋಜನೆಯ ಮುಖ್ಯಸ್ಥನಾದ ಚಾರ್ಲ್ಸ್ ಟಾಡ್ 1872ರ ಆರಂಭದಲ್ಲಿ ಸ್ವತಃ ಉತ್ತರಕ್ಕೆ ಬಂದು, ಗಾಡಿಗಳು ಹೂತ ಜಾಗದಲ್ಲಿ ರೋಪರ್ ನದಿಯನ್ನೇ ದಾರಿಯಾಗಿ ಬಳಸಿ ಹಡಗುಗಳಲ್ಲಿ ಸಾಮಾನು ಒಳನಾಡಿಗೆ ತರಿಸಿದ. ಕೆಲಸವನ್ನು ನಿಲ್ಲಿಸಿದ ಅದೇ ನೀರು ಇಲ್ಲಿ ಕೆಲಸಕ್ಕೆ ಒದಗಿ ಬಂದದ್ದನ್ನು ಪಟ್ಟಿಯಲ್ಲಿ ಬೇರೆ ಶಾಯಿಯಿಂದ ಗುರುತಿಸಿಕೊಳ್ಳಿ.

ಗಡುವು ಮೀರಿತು. ಕೇಬಲ್ ಆಗಲೇ 1871ರ ನವೆಂಬರಿನಲ್ಲಿ ಡಾರ್ವಿನ್‌ನ ದಡ ಮುಟ್ಟಿತ್ತು, ನೆರೆಯ ಕ್ವೀನ್ಸ್‌ಲ್ಯಾಂಡ್ ಪ್ರಾಂತ್ಯವು ಮಾರ್ಗವನ್ನು ತನ್ನ ಕಡೆಗೆ ತಿರುಗಿಸಿಕೊಳ್ಳಲು ಕಾದಿತ್ತು. ನೆಲದ ತಂತಿಯ ಎರಡು ತುದಿಗಳ ನಡುವೆ ಉಳಿದ ಅಂತರದಲ್ಲಿ ಸಂದೇಶಗಳನ್ನು ಕುದುರೆ ಸವಾರರು ಹೊತ್ತು ಸಾಗಿಸಬೇಕಾಯಿತು. ಅಷ್ಟರಲ್ಲಿ 1872ರ ಜೂನ್‌ನಲ್ಲಿ ಕಡಲಿನಡಿಯ ಕೇಬಲ್ಲೇ ಕೆಟ್ಟು, ಅಕ್ಟೋಬರ್‌ವರೆಗೆ ಸರಿಹೋಗಲಿಲ್ಲ. ನೆಲದ ಮೇಲಿನ ವಿಳಂಬದ ಆರೋಪವನ್ನು ಕಡಲು ಹೀಗೆ ಮುಚ್ಚಿಹಾಕಿತು. ಪಂಚಾಂಗವಿಲ್ಲದೆ ಓದುವವರಿಗೆ ಈ ಕಾಕತಾಳೀಯದ ತೂಕ ಗೊತ್ತಾಗುವುದಿಲ್ಲ.

ತಂತಿಯ ಒಳಗುಟ್ಟನ್ನು ಒಂದಿಷ್ಟು ತಿಳಿದುಕೊಳ್ಳಿ

ವಿಜ್ಞಾನದ ಭಾಗ ಬಂದಾಗ ಪುಟ ತಿರುಗಿಸುವ ಅಭ್ಯಾಸ ಹಲವರಿಗಿದೆ. ಇಲ್ಲಿ ತಿಳಿಯಬೇಕಾದದ್ದು ಹೆಚ್ಚಿಲ್ಲ. ತಂತಿ ಒಂದೇ ಇದ್ದರೂ ಮಂಡಲ ಪೂರ್ಣವಾಗುತ್ತಿದ್ದದ್ದು ಹೇಗೆಂದರೆ, ವಿದ್ಯುತ್ತು ತಂತಿಯಲ್ಲಿ ಹೋಗಿ ಭೂಮಿಯ ಮೂಲಕ ಹಿಂದಿರುಗುತ್ತಿತ್ತು. ಠಾಣೆಯಲ್ಲಿ ಸಾಲಾಗಿ ಜೋಡಿಸಿಟ್ಟ ಗಾಜಿನ ಜಾಡಿಗಳೇ ಬ್ಯಾಟರಿ. ಆಪರೇಟರ್ ಕೀಲಿಯನ್ನು ಒತ್ತಿದಷ್ಟು ಹೊತ್ತು ವಿದ್ಯುತ್ತು ಹರಿದು, ದೂರದ ಠಾಣೆಯಲ್ಲಿ ಚುಕ್ಕೆ ಅಥವಾ ಗೀಟಿನ ಸದ್ದಾಗುತ್ತಿತ್ತು.

ತಂತಿ ಕಂಬವನ್ನು ನೇರವಾಗಿ ಮುಟ್ಟಬಾರದು, ಮುಟ್ಟಿದರೆ ವಿದ್ಯುತ್ತು ಒದ್ದೆ ಕಂಬದ ಮೂಲಕ ನೆಲಕ್ಕಿಳಿದುಬಿಡುತ್ತದೆ. ಆದ್ದರಿಂದ ಪ್ರತಿ ಕಂಬದ ನೆತ್ತಿಯ ಮೇಲೆ ಪಿಂಗಾಣಿಯ ಇನ್ಸುಲೇಟರ್ ಇರುತ್ತಿತ್ತು. ಚಿತ್ರದಲ್ಲಿ ಅದರ ಆಕಾರವನ್ನು ಗಮನವಿಟ್ಟು ನೋಡಿ: ಬೋರಲು ಹಾಕಿದ ಬಟ್ಟಲು. ಮಳೆ ಹೊರಮೈ ಮೇಲೆ ಜಾರಿ ಕೆಳಗೆ ತೊಟ್ಟಿಕ್ಕುತ್ತದೆ, ಒಳಮೈ ಒಣಗಿಯೇ ಉಳಿಯುತ್ತದೆ, ಆ ಒಣ ಅಂಚೇ ವಿದ್ಯುತ್ತನ್ನು ತಡೆಯುತ್ತದೆ. ಹಾಗಿದ್ದರೂ ಪ್ರತಿ ಬಟ್ಟಲಿನಲ್ಲೂ ಒಂದಿಷ್ಟು ಸೋರಿಕೆ ಇದ್ದೇ ಇರುತ್ತದೆ, ಮತ್ತು 36,000 ಕಂಬಗಳೆಂದರೆ 36,000 ಸೋರುವ ಜಾಗಗಳು. ಸುಮಾರು 250 ರಿಂದ 300 ಕಿಲೋಮೀಟರಿಗೊಂದು ಠಾಣೆ ಏಕೆ ಬೇಕಾಯಿತೆಂಬ ಪ್ರಶ್ನೆಗೆ ಉತ್ತರ ಇಲ್ಲಿಯೇ ಇದೆ. ಬಂದ ಸಂದೇಶವನ್ನು ಒಬ್ಬ ಮನುಷ್ಯ ಕಿವಿಗೊಟ್ಟು ಕೇಳಿ, ಬರೆದುಕೊಂಡು, ಹೊಸ ಬ್ಯಾಟರಿಯ ಬಲದಿಂದ ಮುಂದಿನ ಠಾಣೆಗೆ ಮತ್ತೆ ಬಡಿದು ಕಳಿಸುತ್ತಿದ್ದ. ಹಾಗಾಗಿ ಅಡಿಲೇಡ್‌ನಿಂದ ಡಾರ್ವಿನ್‌ಗೆ ಹೋದ ಒಂದೊಂದು ಸಾಲೂ ಹಲವು ಕೈಗಳ ಬೆರಳ ತುದಿಯನ್ನು ದಾಟಿ ಹೋದದ್ದೆಂದು ನೆನಪಿಡಿ. ಮರದ ಕಂಬಗಳನ್ನು ಗೆದ್ದಲು ತಿಂದು, ಕ್ರಮೇಣ ಕಬ್ಬಿಣದ ಕಂಬಗಳನ್ನು ನೆಡಬೇಕಾಯಿತೆಂಬುದನ್ನೂ ಪುಸ್ತಕ ಹೇಳುತ್ತದೆ. ಗೆದ್ದಲಿನ ಪರಿಚಯ ನಮಗೆ ಬೇರೆಯವರಿಂದ ಬೇಕಾಗಿಲ್ಲ.

ಈ ತಿಳಿವಳಿಕೆ ಇದ್ದವರಿಗೆ 1872ರ ಆಗಸ್ಟ್ 22ರ ಪುಟ ಬೇರೆಯೇ ರೀತಿಯಲ್ಲಿ ಕಾಣುತ್ತದೆ. ಫ್ರ್ಯೂಸ್ ಪಾಂಡ್ಸ್ ಎಂಬಲ್ಲಿ, ಅದೂ ಒಂದು ನೀರಿನ ಮಡುವೇ, ತಂತಿಯ ಎರಡು ತುದಿಗಳನ್ನು ಕೂಡಿಸಬೇಕಾಗಿತ್ತು. ಜನ ಎರಡು ಪಾಲಾಗಿ ನಿಂತು ಎಷ್ಟು ಜಗ್ಗಿದರೂ ತುದಿಗಳು ಒಂದನ್ನೊಂದು ಮುಟ್ಟಲಿಲ್ಲ. ಪ್ಯಾಟರ್ಸನ್ ಒಂದು ತುದಿಗೆ ಸಣ್ಣ ಕಟ್ಟುತಂತಿ ಬಿಗಿದು ಇನ್ನೊಂದಕ್ಕೆ ತಾಗಿಸಿದ ಕ್ಷಣ ಮಾರ್ಗದುದ್ದಕ್ಕೂ ಇದ್ದ ಬ್ಯಾಟರಿಗಳ ವಿದ್ಯುತ್ತು ಅವನ ಮೈಯೊಳಗೆ ಹಾಯ್ದಿತು. ಅವನು ಕೂಗಿ ಕೈಬಿಟ್ಟ. ಎರಡನೆಯ ಸಲ ಕರವಸ್ತ್ರವನ್ನು ಅಡ್ಡ ಹಿಡಿದು ತಂತಿಯನ್ನು ಹೊಸೆದ. ಕೆಲವೇ ನಿಮಿಷಗಳಲ್ಲಿ ಡಾರ್ವಿನ್ ಮತ್ತು ಅಡಿಲೇಡ್ ಮಾತನಾಡಿದವು. ಖಂಡದ ಎರಡು ತುದಿಗಳು ಕೂಡುವಾಗ ಅವನ ಮೈಯೇ ಒಂದು ಕ್ಷಣ ಮಂಡಲದ ಭಾಗವಾಗಿತ್ತೆಂಬುದು ವಿದ್ಯುತ್ತಿನ ದಾರಿ ಗೊತ್ತಿದ್ದವರಿಗೆ ಮಾತ್ರ ಹೊಳೆಯುತ್ತದೆ.

ಆ ನೀರು ಯಾರದು ಎಂದು ಕೇಳಿಕೊಳ್ಳಿ

ಇಲ್ಲಿಂದ ಮುಂದೆ ಓದುವಾಗ ಅಂಚಿನಲ್ಲಿ ಒಂದು ಪ್ರಶ್ನೆಯನ್ನು ಬರೆದಿಟ್ಟುಕೊಳ್ಳಿ: ಈ ಠಾಣೆ ನಿಂತ ನೀರಿನ ಬಳಿ ಮೊದಲಿನಿಂದ ಇದ್ದವರು ಯಾರು? ಜನಪ್ರಿಯ ಚರಿತ್ರೆಗಳು ನಡುನಾಡನ್ನು ಬಹಳ ಸುಲಭವಾಗಿ ‘ಬರಿದು’ ಎಂದು ಕರೆದುಬಿಡುತ್ತವೆ. ಆಲಿಸ್ ಸ್ಪ್ರಿಂಗ್ಸ್ ಅರಂಟ ಜನರ ನಾಡು, ಆ ಜಾಗಕ್ಕೆ ಅವರ ಹೆಸರು ಮ್ಪಾರ್ನ್‌ಟ್ವೆ. ಬ್ಯಾರೋ ಕ್ರೀಕ್ ಕೈಟೆಟ್ಯ ಜನರದ್ದು, ಟೆನಂಟ್ ಕ್ರೀಕ್ ವರುಮುಂಗು ಜನರದ್ದು, ಕ್ಯಾಥರಿನ್ ಸುತ್ತ ಜಾವೊಯ್ನ್ ಜನರದ್ದು, ಡಾರ್ವಿನ್ ಲರಾಕಿಯಾ ಜನರದ್ದು. ನಕ್ಷೆಯಲ್ಲಿ ಗುರುತಿಸಿದ ಠಾಣೆಗಳ ಪಕ್ಕದಲ್ಲಿ ಈ ಹೆಸರುಗಳನ್ನೂ ಬರೆಯಿರಿ. ಒಣನಾಡಿನಲ್ಲಿ ಬತ್ತದ ನೀರಿನ ಗುಂಡಿಯೊಂದರ ದಡದಲ್ಲಿ ಕಲ್ಲಿನ ಕಟ್ಟಡ ಎದ್ದು, ದನ ಕುರಿ ಕುದುರೆಗಳು ಬಂದು ನಿಂತರೆ, ತಲೆತಲಾಂತರದಿಂದ ಆ ನೀರನ್ನು ನಂಬಿದ್ದವರ ಬದುಕು ಏನಾಗಬಹುದೆಂಬುದನ್ನು ಬಯಲುಸೀಮೆಯನ್ನು ಬಲ್ಲ ನಮಗೆ ಯಾರೂ ವಿವರಿಸಬೇಕಾಗಿಲ್ಲ.

ಬ್ಯಾರೋ ಕ್ರೀಕ್ ಅಧ್ಯಾಯವನ್ನು ನಿಧಾನವಾಗಿ, ಎರಡು ಸಲ ಓದಿ. 1874ರ ಫೆಬ್ರುವರಿ 22, ಭಾನುವಾರ ಸಂಜೆ, ಕೈಟೆಟ್ಯ ಜನರು ಠಾಣೆಯ ಮೇಲೆ ದಾಳಿ ಮಾಡಿದರು. ಲೈನ್‌ಮನ್ ಜಾನ್ ಫ್ರಾಂಕ್ ಸತ್ತ. ಠಾಣಾಧಿಕಾರಿ ಜೇಮ್ಸ್ ಸ್ಟೇಪಲ್‌ಟನ್ ಈಟಿಯ ಗಾಯದಿಂದ ಮಲಗಿದ. ಅವನ ಹೆಂಡತಿಯನ್ನು ಅಡಿಲೇಡ್‌ನ ತಂತಿ ಕಚೇರಿಗೆ ಕರೆತರಲಾಯಿತು, ಅವನು ಪ್ರಾಣ ಬಿಡುವ ಮೊದಲು ಅವಳಿಗೂ ಮಕ್ಕಳಿಗೂ ತಂತಿಯಲ್ಲೇ ಕೊನೆಯ ಮಾತು ಕಳಿಸಿದ. ಪುಸ್ತಕಗಳು ಈ ವಿದಾಯವನ್ನು ಮನ ಕರಗುವಂತೆ ಹೇಳುತ್ತವೆ, ಹೇಳಲೇಬೇಕಾದದ್ದೂ ಹೌದು. ಆದರೆ ಎರಡನೆಯ ಓದಿನಲ್ಲಿ ಅನಂತರದ ಪುಟವನ್ನು ಅಳೆದು ನೋಡಿ. ಸೇಡಿಗೆಂದು ಹೊರಟ ಪೊಲೀಸ್ ತಂಡ ವಾರಗಟ್ಟಲೆ ಸುತ್ತಲಿನ ನೆಲವನ್ನು ಜಾಲಾಡಿ ಕೈಟೆಟ್ಯರನ್ನೂ ಅವರ ನೆರೆಯವರನ್ನೂ ಕೊಂದಿತು. ಸತ್ತವರ ಸಂಖ್ಯೆ ಸರ್ಕಾರಿ ದಾಖಲೆ ಹೇಳುವುದಕ್ಕಿಂತ ಬಹಳ ಹೆಚ್ಚೆಂದು ಇತಿಹಾಸಕಾರರು ನಂಬುತ್ತಾರೆ. ಇಬ್ಬರ ಸಾವಿಗೆ ಎಷ್ಟು ಪುಟ, ಹೆಸರಿಲ್ಲದ ಹಲವರ ಸಾವಿಗೆ ಎಷ್ಟು ಸಾಲು ಎಂಬುದನ್ನು ಎಣಿಸಿ ಅಂಚಿನಲ್ಲಿ ಬರೆಯಿರಿ. ಅಳುವ ಹೆಂಡತಿಯ ಬಳಿಗೆ ಸುದ್ದಿ ಮುಟ್ಟಿಸಲು ತಂತಿ ಇತ್ತು; ಇನ್ನೊಂದು ಕಡೆಯ ಹೆಂಡಿರ ಮಾತನ್ನು ಹೊತ್ತು ತರುವ ತಂತಿ ಯಾವುದೂ ಇರಲಿಲ್ಲ, ಆದ್ದರಿಂದ ಪುಸ್ತಕಕ್ಕೂ ಅದು ಸಿಕ್ಕಿಲ್ಲ. ಕೈಟೆಟ್ಯರ ಬಾಯಿಮಾತಿನ ನೆನಪುಗಳಿಗೆ ಜಾಗ ಕೊಟ್ಟ ಪುಸ್ತಕ ಸಿಕ್ಕರೆ ಅದನ್ನೇ ಮೊದಲು ಆರಿಸಿಕೊಳ್ಳಬೇಕೆಂಬುದು ನನ್ನ ಸಲಹೆ.

ಪಿಂಗಾಣಿ ಬಟ್ಟಲುಗಳನ್ನು ಒಡೆದು ಮೂಲನಿವಾಸಿಗಳು ಈಟಿಯ ಮೊನೆಗಳನ್ನು ಕೆತ್ತಿಕೊಂಡರೆಂಬ ಸಂಗತಿಯನ್ನು ಹಳೆಯ ಬರಹಗಳು ಕಿಡಿಗೇಡಿತನವೆಂದು ಎಣಿಸುತ್ತವೆ. ಕಲ್ಲನ್ನು ಚಕ್ಕೆ ಎಬ್ಬಿಸಿ ಆಯುಧ ಮಾಡುವ ಕೈಗಳಿಗೆ ಆ ಹೊಸ ವಸ್ತುವಿನ ಗುಣ ನೋಡಿದೊಡನೆ ತಿಳಿಯಿತೆಂದು ಅರ್ಥ ಮಾಡಿಕೊಳ್ಳುವುದು ಹೆಚ್ಚು ಸರಿ.

ಒಂಟೆಗಳ ಪ್ರಸ್ತಾಪ ಬಂದಾಗಲೂ ನಿಲ್ಲಿ. ಬೆಲ್ಟಾನಾದ ಥಾಮಸ್ ಎಲ್ಡರ್ 1866ರ ಸುಮಾರಿಗೆ ಕರಾಚಿಯಿಂದ ಒಂಟೆಗಳನ್ನೂ ಅವುಗಳನ್ನು ನಡೆಸುವವರನ್ನೂ ತರಿಸಿದ್ದ. ನೀರಿಲ್ಲದ ದಾರಿಯಲ್ಲಿ ತಂತಿ ಕೆಲಸದ ಸಾಮಾನು ಹೊತ್ತವುಗಳಲ್ಲಿ ಇಂಥ ಒಂಟೆಗಳೂ ಇದ್ದವು. ಒಂಟೆಯವರನ್ನು ಆಸ್ಟ್ರೇಲಿಯಾದಲ್ಲಿ ಒಟ್ಟಾಗಿ ‘ಅಫ್ಘನ್’ ಎಂದು ಕರೆದರೂ ಅವರಲ್ಲಿ ಬಲೂಚಿಗಳು, ಸಿಂಧಿಗಳು, ಪಂಜಾಬಿಗಳು ಇದ್ದರು. ಆಗ ನಮ್ಮ ಧಾರವಾಡ, ಬೆಳಗಾವಿಗಳಂತೆಯೇ ಕರಾಚಿಯೂ ಮುಂಬಯಿ ಪ್ರಾಂತ್ಯಕ್ಕೆ ಸೇರಿದ ಊರಾಗಿತ್ತು. ಪುಸ್ತಕದ ಹಿಂದಿನ ಹೆಸರುಗಳ ಸೂಚಿಯಲ್ಲಿ ಇವರಲ್ಲಿ ಎಷ್ಟು ಜನರ ಹೆಸರಿದೆಯೆಂದು ಒಮ್ಮೆ ಹುಡುಕಿ.

ನಾಯಕನ ವಿಷಯ

ಇಷ್ಟೆಲ್ಲ ಹೇಳಿದರೂ ಟಾಡ್‌ನನ್ನು ಕಿರಿದು ಮಾಡುವ ಉದ್ದೇಶ ನನಗಿಲ್ಲ. 1855ರಲ್ಲಿ ಇಂಗ್ಲೆಂಡಿನಿಂದ ಅಡಿಲೇಡ್‌ಗೆ ಬಂದ ಈ ಖಗೋಳಜ್ಞ ಬರಹದಲ್ಲಿಯೂ ಲೆಕ್ಕದಲ್ಲಿಯೂ ಅಚ್ಚುಕಟ್ಟಿನ ಮನುಷ್ಯ. ಮಾರ್ಗ ಮುಗಿದ ಮೇಲೆ ಅದೇ ಠಾಣೆಗಳಿಂದ ಮಳೆ, ಬಿಸಿಲು, ಗಾಳಿಯ ಅಳತೆಗಳನ್ನು ತಂತಿಯಲ್ಲಿ ತರಿಸಿಕೊಂಡು ಹವಾಮಾನದ ನಕ್ಷೆಗಳನ್ನು ಬರೆಸಿದ. ಆರಂಭದಲ್ಲಿ 1,20,000 ಪೌಂಡ್ ಎಂದು ಹಾಕಿದ ಅಂದಾಜು ಕೊನೆಗೆ ಅದರ ಸುಮಾರು ನಾಲ್ಕು ಪಟ್ಟಾದದ್ದನ್ನೂ ಜೊತೆಗೇ ಬರೆದಿಟ್ಟುಕೊಳ್ಳಿ. ಎರಡನ್ನೂ ಒಂದೇ ಪುಟದಲ್ಲಿ ಹೇಳುವ ಲೇಖಕರನ್ನು ನಂಬಬಹುದು.

ಪುಸ್ತಕ ಮುಗಿಸಿದ ದಿನ ಮಾಡಬೇಕಾದ ಕೆಲಸ ಒಂದು ಉಳಿದಿದೆ. ಮೊಬೈಲಿನಲ್ಲಿಯೋ ಕಂಪ್ಯೂಟರಿನಲ್ಲಿಯೋ ಉಪಗ್ರಹದ ನಕ್ಷೆ ತೆರೆದು ಆಲಿಸ್ ಸ್ಪ್ರಿಂಗ್ಸ್‌ನ ಹಳೆಯ ತಂತಿ ಠಾಣೆಯನ್ನು ಹುಡುಕಿ. ಊರಿನ ಉತ್ತರಕ್ಕೆ ಕೆಲವೇ ಕಿಲೋಮೀಟರ್ ದೂರದಲ್ಲಿ ಅದರ ಕಲ್ಲಿನ ಕಟ್ಟಡಗಳು ಇಂದಿಗೂ ಇವೆ. ಪಕ್ಕದಲ್ಲಿ ಬಿಳಿ ಪಟ್ಟಿಯಂತೆ ಕಾಣುವುದು ಟಾಡ್ ನದಿ, ವರ್ಷದ ಹೆಚ್ಚು ದಿನ ಬರೀ ಮರಳು. 1871ರ ಮಾರ್ಚ್‌ನಲ್ಲಿ ವಿಲಿಯಂ ಮಿಲ್ಸ್ ಎಂಬ ಮೋಜಣಿದಾರ ಅಲ್ಲಿ ನಿಂತ ನೀರನ್ನು ಕಂಡು ಬುಗ್ಗೆಯೆಂದು ಭಾವಿಸಿ, ಟಾಡ್‌ನ ಹೆಂಡತಿ ಆಲಿಸ್‌ಳ ಹೆಸರಿಟ್ಟ. ಅದು ಬುಗ್ಗೆಯಲ್ಲ; ಮಳೆ ಬಂದು ನದಿ ಹರಿದು ಹೋದ ಮೇಲೆ ಬಂಡೆಯ ತಳದ ಮೇಲೆ, ಮರಳಿನಡಿಯಲ್ಲಿ ನಿಂತುಕೊಂಡ ನೀರು. ಅರಂಟ ಜನರಿಗೆ ಅದು ಮೊದಲಿನಿಂದಲೂ ಗೊತ್ತಿತ್ತು.